ಹುಲಿಗಿಯಲ್ಲಿ ಕಳೆದುಹೋದ ಸೋದರಮಾವ: ವಂಶವೃಕ್ಷದಲ್ಲಿ ಏನಂತ ಬರೆಸಬೇಕು?

ಕೊಪ್ಪಳದ_ಮೊಮ್ಮಗಳು
ನಮಸ್ಕಾರ. ಸ್ವಲ್ಪ ಉದ್ದ ಆಗುತ್ತೆ, ಓದಿ.

ನಮ್ಮ ಅವ್ವನ ಕೊನೆಯ ತಮ್ಮ ಎಂಬತ್ತರ ದಶಕದಲ್ಲಿ ಒಂದು ಹುಣ್ಣಿಮೆ ದಿನ ಹುಲಿಗಿಯಲ್ಲಿ ಕಳೆದುಹೋದ. ನಾಲ್ಕು ವರ್ಷದ ಹುಡುಗ. ಹೊಳೆ ಸ್ನಾನ, ಹುಲಿಗೆಮ್ಮನ ದರ್ಶನ ಎರಡೂ ಮುಗಿದಿತ್ತು. ಅಜ್ಜಿ ಬುತ್ತಿ ಗಂಟು ಕಾಯುತ್ತಾ ಮರದ ಕೆಳಗೆ ಕೂತಿದ್ದಳು. ಹುಡುಗ ನಮ್ಮ ದೊಡ್ಡವ್ವನ ಕೈ ಹಿಡಿದುಕೊಂಡಿದ್ದ, ಅವಳೂ ಆಗ ಹುಡುಗಿಯೇ. ಬಳೆ ಅಂಗಡಿ ಹತ್ತಿರ ಬಳೆಗಾರ ಕೈ ಚಾಚು ಅಂದ. ಒಂದು ಕೈಗೆ ಇಡಿಸಿಕೊಂಡಳು, ಇನ್ನೊಂದು ಕೈ ಕೇಳಿದಾಗ ತಮ್ಮನ ಕೈ ಬಿಟ್ಟಳು. ತಿರುಗಿ ನೋಡಿದರೆ ಇಲ್ಲ.

ಹೊಳೆಯಲ್ಲಿ ಹುಡುಕಿಸಿದರು, ಮೈಕ್‌ನಲ್ಲಿ ಕೂಗಿಸಿದರು, ಠಾಣೆಗೆ ಹೋದರು. ಎಫ್‌ಐಆರ್ ಆಗಿಲ್ಲ ಅಂತ ಕಾಣುತ್ತೆ. ಮನೆಯಲ್ಲಿರೋದು ಠಾಣೆಯವರು ಬರೆದುಕೊಟ್ಟ ಒಂದು ಹಿಂಬರಹದ ಚೀಟಿ ಮಾತ್ರ, ಅದೂ ಮಡಿಕೆ ಹತ್ತಿರ ಹರಿದಿದೆ. ಅದರಲ್ಲಿರೋದು ಇಷ್ಟು: "ಗೋಧಿ ಮೈಬಣ್ಣ, ದುಂಡು ಮುಖ, ಸಾಧಾರಣ ಮೈಕಟ್ಟು, ಹಸಿರು ಚಡ್ಡಿ, ಕನ್ನಡ ಮಾತನಾಡುತ್ತಾನೆ." ಎಡಗಾಲ ಪಾದದ ಮೇಲೆ ಬೆಲ್ಲದ ಪಾಕ ಬಿದ್ದು ಸುಟ್ಟ ಕಲೆ ಇತ್ತಂತೆ, ಅದನ್ನೇ ಬರೆದಿಲ್ಲ.

ಈಗ ಯಾಕೆ ಕೇಳ್ತಿದ್ದೀನಿ ಅಂದ್ರೆ, ಅಜ್ಜ ಹೋದ ವರ್ಷ ತೀರಿಕೊಂಡರು. ಹೊಲ ಅಜ್ಜನ ಹೆಸರಲ್ಲಿದೆ. ಅದನ್ನು ವಾರಸುದಾರರ ಹೆಸರಿಗೆ ಮಾಡಿಸೋ ಪೌತಿ ಖಾತೆಗೆ ವಂಶವೃಕ್ಷ ಬೇಕು. ಈ ಮಾವನ ಹೆಸರು ಹಾಕಿದರೆ "ಎಲ್ಲಿದ್ದಾರೆ, ಸಹಿ ಮಾಡಲಿ" ಅಂತಾರೆ. ಸತ್ತಿದ್ದಾರೆ ಅಂದ್ರೆ ಮರಣ ಪತ್ರ ಕೊಡಿ ಅಂತಾರೆ. ದೊಡ್ಡ ಮಾವ "ಹೆಸರೇ ಬಿಟ್ಟುಬಿಡೋಣ, ಯಾರು ಕೇಳ್ತಾರೆ" ಅಂದರು. ಅಜ್ಜಿಗೆ ಸಿಟ್ಟು ಬಂತು: "ಹಡದಾಕಿ ನಾನಿನ್ನಾ ಜೀವಂತ ಅದೀನಿ. ನನ್ ಮಗ ಹುಟ್ಟೇ ಇಲ್ಲಂತ ಬರಿಸ್ತಿಯೇನು? ಸತ್ತಾನಂತ ನನ್ ಕೈಲೆ ಹೆಬ್ಬಟ್ಟು ಒತ್ತಿಸಬ್ಯಾಡ." ಅಲ್ಲಿಗೆ ನಿಂತಿದೆ.

ಎರಡು ಪ್ರಶ್ನೆ. ಕಾಗದದಲ್ಲಿ ಏನು ಬರೆಸಬೇಕು? ಇಷ್ಟು ವರ್ಷದ ಮೇಲೆ ಹುಡುಕೋಕೆ ಏನಾದರೂ ದಾರಿ ಇದೆಯಾ?

ಮಿರ್ಚಿ_ಮಂಡಕ್ಕಿ
ಓದಿ ಹೊಟ್ಟೆ ಕಲಸಿದಂಗಾಯ್ತು. ದೊಡ್ಡವ್ವ ಈಗ ಹೇಗಿದ್ದಾರೆ?

ಕೊಪ್ಪಳದ_ಮೊಮ್ಮಗಳು
ಇದ್ದಾರೆ. ಮೊಮ್ಮಕ್ಕಳಿದ್ದಾರೆ. ಇದರ ಬಗ್ಗೆ ಮಾತ್ರ ಮಾತಾಡಲ್ಲ, ಮೇಲೆ ಬರೆದದ್ದೆಲ್ಲ ಅವ್ವ ಹೇಳಿದ್ದು.

ತುಂಗೆ_ದಂಡೆ
ಬೇಜಾರು ಮಾಡ್ಕೋಬೇಡಿ ಅಕ್ಕಾ, ನೇರವಾಗಿ ಹೇಳ್ತೀನಿ. ಹೊಳೆ. ಹುಲಿಗಿ ಇರೋದು ತುಂಗಭದ್ರಾ ಡ್ಯಾಮಿನ ಕೆಳಗೆ. ನೀರು ಬಿಟ್ಟಾಗ ಅಲ್ಲಿ ಸೆಳೆತ ಹೆಂಗಿರುತ್ತೆ ಅಂತ ದಂಡೆಯಲ್ಲಿ ಬೆಳೆದವರಿಗೆ ಗೊತ್ತು. ಜೊತೆಗೆ ಎಡದಂಡೆ ಕಾಲುವೆ ಬೇರೆ, ಅದು ಮುನಿರಾಬಾದ್‌ನಿಂದ ರಾಯಚೂರು ಜಿಲ್ಲೆವರೆಗೆ ಹರಿಯುತ್ತೆ. ನಾಲ್ಕು ವರ್ಷದ ಮಗು ಬಿದ್ದರೆ ಎಲ್ಲಿ ಸಿಗುತ್ತೆ? ಮಕ್ಕಳ ಕಳ್ಳರು ಅನ್ನೋದು ಮನಸ್ಸಿನ ಸಮಾಧಾನಕ್ಕೆ ಕಟ್ಟಿಕೊಳ್ಳೋ ಕಥೆ.

ಕೌಲ್‌ಬಜಾರ್_ಹುಡುಗ
ಸಮಾಧಾನಾನಾ? ಮಗುವನ್ನು ಕದ್ದು ಭಿಕ್ಷೆಗೆ ಹಚ್ಚಿದ್ದಾರೆ ಅಂತ ನೆನೆಸಿಕೊಂಡು ಯಾವ ತಾಯಿಗೆ ಸಮಾಧಾನ ಆಗುತ್ತೆ ಮಾರಾಯ. ಭಿಕ್ಷಾಟನೆಗೆ ಮಕ್ಕಳನ್ನು ಕದಿಯೋದಕ್ಕೆ ಅಂತಲೇ ಐಪಿಸಿಯಲ್ಲಿ 363ಎ ಕಲಂ ಇತ್ತು. ಅಂಗ ಊನ ಮಾಡಿದರೆ ಜೀವಾವಧಿವರೆಗೆ ಶಿಕ್ಷೆ. ಸುಮ್ನೆ ಸೇರಿಸಿದ್ದಾರಾ?

ತುಂಗೆ_ದಂಡೆ
ಕಲಂ ಇದೆ ಅಂದ ಮಾತ್ರಕ್ಕೆ ಈ ಹುಡುಗನಿಗೆ ಅದೇ ಆಯ್ತು ಅಂತ ಹೇಗೆ? ಬಳೆ ಅಂಗಡಿಯಿಂದ ಹೊಳೆ ಎಷ್ಟು ದೂರ? ನಡೆದು ನೋಡಿ.

ಗುಂತಕಲ್_ಪ್ಯಾಸೆಂಜರ್
ನಾನು ರೈಲ್ವೆಯಲ್ಲಿದ್ದವನು, ಈಗ ನಿವೃತ್ತ. ಇಬ್ಬರೂ ಒಂದು ವಿಷಯ ಬಿಟ್ಟಿರಿ. ಹುಲಿಗಿಗೆ ಬರೋ ಜನ ಇಳಿಯೋದು ಮುನಿರಾಬಾದ್ ಸ್ಟೇಷನ್‌ನಲ್ಲಿ. ಹುಣ್ಣಿಮೆ ದಿನ ಗಾಡಿ ಬಂತು ಅಂದ್ರೆ ಪ್ಲಾಟ್‌ಫಾರ್ಮ್ ಮೇಲೆ ಕಾಲಿಡೋಕೆ ಜಾಗ ಇರಲ್ಲ. ಗಂಟು, ಬುಟ್ಟಿ, ಕೋಳಿ, ಮಕ್ಕಳು ಎಲ್ಲ ಕಿಟಕಿಯಿಂದಲೇ ಒಳಗೆ. ಯಾರ ಮಗು ಯಾರ ಮಡಿಲಲ್ಲಿ ಅಂತ ಗಾಡಿ ಬಿಟ್ಟ ಮೇಲೇ ಗೊತ್ತಾಗೋದು. ಅಳ್ತಾ ನಿಂತ ಮಗುವನ್ನು "ಇವರದೇ ಇರಬೇಕು" ಅಂತ ಯಾರೋ ಎತ್ತಿ ಒಳಗೆ ಹಾಕೋದು ನನ್ನ ಕಣ್ಣೆದುರೇ ಆಗಿದೆ. ಆ ಮಗು ಮುಂದಿನ ಸ್ಟೇಷನ್‌ನಲ್ಲೇ ಸಿಕ್ಕಿತು, ಪುಣ್ಯ.

ಗಾಡಿ ಒಂದು ಕಡೆ ಗದಗ, ಹುಬ್ಬಳ್ಳಿ. ಇನ್ನೊಂದು ಕಡೆ ಹೊಸಪೇಟೆ, ಬಳ್ಳಾರಿ, ಗುಂತಕಲ್. ಗುಂತಕಲ್ ಅಂದ್ರೆ ಆಂಧ್ರ, ದೊಡ್ಡ ಜಂಕ್ಷನ್. ಅಲ್ಲಿಂದ ಮದ್ರಾಸ್, ಬೊಂಬಾಯಿ, ಎಲ್ಲಿಗೆ ಬೇಕಾದರೂ ಗಾಡಿ. ಅಲ್ಲಿ ಇಳಿದ ಮಗು ಕೊಪ್ಪಳದ ಕನ್ನಡ ಮಾತಾಡಿದರೆ ತೆಲುಗು ಪೊಲೀಸನಿಗೆ ಏನು ತಿಳಿಯುತ್ತೆ? ನಾಲ್ಕು ವರ್ಷದ ಹುಡುಗ ತನ್ನ ಊರಿನ ಹೆಸರೇ ಸರಿಯಾಗಿ ಹೇಳಲ್ಲ. ಅಪ್ಪನ ಹೆಸರು ಕೇಳಿದರೆ "ಅಪ್ಪ" ಅಂತಾನೆ.

ಕೇಳಬೇಕಾದದ್ದು: ಆಗ ನಿಮ್ಮವರು ರೈಲ್ವೆ ಪೊಲೀಸರಲ್ಲಿ ಕೇಳಿದ್ದರಾ? ಅವರ ರಿಜಿಸ್ಟರ್ ಬೇರೆ, ಊರ ಠಾಣೆ ರಿಜಿಸ್ಟರ್ ಬೇರೆ.

ಕೊಪ್ಪಳದ_ಮೊಮ್ಮಗಳು
ಅವ್ವನನ್ನು ಕೇಳಿದೆ. ಇಲ್ಲ. ಸ್ಟೇಷನ್‌ಗೆ ಹೋಗಿ ನೋಡಿದ್ದಾರೆ, ದೂರು ಕೊಟ್ಟಿಲ್ಲ. ಬೇರೆ ಪೊಲೀಸರು ಇರ್ತಾರೆ ಅಂತ ಅಜ್ಜನಿಗೆ ಗೊತ್ತಿರಲಿಲ್ಲ.

ರಾಯಚೂರು_ಬಿಸಿಲು
ಪ್ಯಾಸೆಂಜರ್ ಅಣ್ಣ ಹೇಳಿದಂಗೆ ನಿಜವಾಗಿ ಆದದ್ದಿದೆ. ಮಧ್ಯಪ್ರದೇಶದ ಖಾಂಡ್ವಾದ ಹುಡುಗ ಸರೂ ಬ್ರೈಯರ್ಲಿ. ಐದು ವರ್ಷದವನಿದ್ದಾಗ ನಿಂತ ರೈಲಿನಲ್ಲಿ ಮಲಗಿದ, ಎದ್ದು ನೋಡಿದರೆ ಕಲ್ಕತ್ತ ದಾರಿ. ಬೀದಿ, ಆಮೇಲೆ ಅನಾಥಾಶ್ರಮ, ಅಲ್ಲಿಂದ ಆಸ್ಟ್ರೇಲಿಯಾದ ಟಾಸ್ಮೇನಿಯಾಕ್ಕೆ ದತ್ತು. ದೊಡ್ಡವನಾದ ಮೇಲೆ ಗೂಗಲ್ ಅರ್ಥ್‌ನಲ್ಲಿ ರೈಲು ಹಳಿ ಹಿಡಿದು ಹುಡುಕುತ್ತಾ ಹೋದ. ಅವನ ತಲೆಯಲ್ಲಿದ್ದದ್ದು ಸ್ಟೇಷನ್ ಹತ್ತಿರದ ನೀರಿನ ಟ್ಯಾಂಕ್, ಮೇಲ್ಸೇತುವೆ, ಇಂಥವು. 2011ರಲ್ಲಿ ಊರು ಸಿಕ್ಕಿತು, 2012ರಲ್ಲಿ ತಾಯಿ ಸಿಕ್ಕಳು. ಮುಖ್ಯ ಏನಂದ್ರೆ ತಾಯಿ ಆ ಊರು ಬಿಟ್ಟು ಹೋಗಿರಲಿಲ್ಲ. ಮಗ ಬಂದರೆ ಎಲ್ಲಿ ಹುಡುಕ್ತಾನೆ ಅಂತ.

ತುಂಗೆ_ದಂಡೆ
ಸಾವಿರಾರು ಮಕ್ಕಳಲ್ಲಿ ಒಬ್ಬ ಸಿಕ್ಕಿದ್ದಕ್ಕೆ ಅದು ಸುದ್ದಿ ಆಯ್ತು. ಸಿಗದವರ ಸುದ್ದಿ ಯಾರು ಬರೀತಾರೆ?

ಕತ್ತಲೆ_ಕೋಣೆ
ಸಿಗದವರದೂ ಬರೀತಾರೆ ಸಾರ್, ಇಂಥ ಕೇಸುಗಳನ್ನೇ ಓದೋ ಚಟ ನನಗೆ. ಆಸ್ಟ್ರೇಲಿಯಾದ ಬೋಮಾಂಟ್ ಮಕ್ಕಳು. 1966ರ ಜನವರಿ 26, ಅಡಿಲೇಡ್ ಹತ್ತಿರದ ಗ್ಲೆನೆಲ್ಗ್ ಕಡಲತೀರ, ಒಂಬತ್ತು, ಏಳು, ನಾಲ್ಕು ವರ್ಷದ ಮೂವರು. ಬೆಳಿಗ್ಗೆ ಬಸ್ಸಿನಲ್ಲಿ ಹೋದವರು ವಾಪಸ್ ಬರಲಿಲ್ಲ. ಇವತ್ತಿಗೂ ಒಂದು ಕುರುಹಿಲ್ಲ. ಒಂದು ಹಳೇ ಕಾರ್ಖಾನೆ ಜಾಗವನ್ನು 2018ರಲ್ಲಿ ಅಗೆದರು, 2025ರಲ್ಲಿ ಮತ್ತೆ ಅಗೆದರು, ಏನೂ ಸಿಗಲಿಲ್ಲ. ತಂದೆ ತಾಯಿ ಇಬ್ಬರೂ ಕಾಯ್ತಾ ಕಾಯ್ತಾ ತೊಂಬತ್ತು ದಾಟಿ ಹೋದರು.

ಅಮೆರಿಕದ ಏಟನ್ ಪ್ಯಾಟ್ಜ್ ಇನ್ನೊಂದು. 1979ರ ಮೇ 25, ಆರು ವರ್ಷ, ಒಬ್ಬನೇ ಸ್ಕೂಲ್ ಬಸ್ಸಿಗೆ ಹೊರಟಿದ್ದ. ಮೇ 25 ಕಾಣೆಯಾದ ಮಕ್ಕಳ ದಿನ ಆಗಿದ್ದು ಅವನಿಂದ. 2017ರಲ್ಲಿ ಒಬ್ಬನಿಗೆ ಶಿಕ್ಷೆ ಆಯ್ತು, 2025ರಲ್ಲಿ ಮೇಲ್ಮನವಿ ಕೋರ್ಟ್ ಅದನ್ನೂ ರದ್ದು ಮಾಡಿತು.

ಮಿರ್ಚಿ_ಮಂಡಕ್ಕಿ
ಕೋಣೆ ಅಣ್ಣಾ, ಅಜ್ಜಿ ಮೊಮ್ಮಗಳು ಸಹಾಯ ಕೇಳಿದರೆ ನೀವು ಸೀರಿಯಲ್ ಹೇಳ್ತಿದ್ದೀರಿ.

ಕತ್ತಲೆ_ಕೋಣೆ
ಸಂಬಂಧ ಇದೆ ತಂಗಿ. ಅಲ್ಲಿ ಅಷ್ಟು ದಾಖಲೆ, ಅಷ್ಟು ಪೊಲೀಸರು ಇದ್ದೂ ಹಾಗಾಯ್ತು. ನಮ್ಮಲ್ಲಿ ಇರೋದು "ಗೋಧಿ ಮೈಬಣ್ಣ, ದುಂಡು ಮುಖ". ಕೋಲು ಮುಖ, ದುಂಡು ಮುಖ ಇವೆರಡು ಬಿಟ್ಟರೆ ಕರ್ನಾಟಕದಲ್ಲಿ ಮೂರನೇ ಮುಖವೇ ಕಾಣೆಯಾಗಲ್ಲ. ಕಾಲಿನ ಕಲೆ ಬರೆದಿದ್ದರೆ ಯಾವುದೋ ಬಾಲಮಂದಿರದಲ್ಲಿ ಒಬ್ಬ ವಾರ್ಡನ್‌ಗಾದರೂ ನೆನಪಾಗುತ್ತಿತ್ತು.

ಕೌಲ್‌ಬಜಾರ್_ಹುಡುಗ
ನಮ್ಮಜ್ಜಿ ಇನ್ನೊಂದು ಹೇಳೋರು. ಡ್ಯಾಮು, ಸೇತುವೆ ಕಟ್ಟುವಾಗ ಮಕ್ಕಳನ್ನು ಬಲಿ ಕೊಡ್ತಾರೆ ಅಂತ. ಚಿಕ್ಕವರಿದ್ದಾಗ ಸೇತುವೆ ಕೆಲಸ ನಡೆಯೋ ಕಡೆ ಹೋಗೋಕೇ ಬಿಡ್ತಿರಲಿಲ್ಲ.

ರಾಯಚೂರು_ಬಿಸಿಲು
ದಯವಿಟ್ಟು ಅದನ್ನೆಲ್ಲ ಇಲ್ಲಿ ತರಬೇಡಿ. ತುಂಗಭದ್ರಾ ಡ್ಯಾಮು ಆಗಿದ್ದೇ 1953ರಲ್ಲಿ. ಇಂಥ ಮಾತಿನಿಂದ ಏನಾಗುತ್ತೆ ನೋಡಿದ್ದೀವಲ್ಲ. 2018ರಲ್ಲಿ ಬೀದರ್ ಜಿಲ್ಲೆಯ ಮುರ್ಕಿಯಲ್ಲಿ ಮಕ್ಕಳಿಗೆ ಚಾಕೊಲೇಟ್ ಕೊಟ್ಟರು ಅಂತ ಮಕ್ಕಳ ಕಳ್ಳರ ಗುಲ್ಲು ಎಬ್ಬಿಸಿ, ಹೈದರಾಬಾದಿನಿಂದ ಬಂದಿದ್ದವನೊಬ್ಬನನ್ನು ಹೊಡೆದು ಕೊಂದರು. ವಾಟ್ಸಾಪ್ ಮೆಸೇಜ್ ಅಷ್ಟೇ ಕಾರಣ. ಆ ವರ್ಷ ನಮ್ಮ ಓಣಿಯಲ್ಲಿ ಕೌದಿ ಹೊಲಿಯೋ ಹೆಂಗಸರು ಬಂದರೂ ಜನ ಗುರಾಯಿಸಿ ನೋಡೋರು.

ಕೌಲ್‌ಬಜಾರ್_ಹುಡುಗ
ಅಜ್ಜಿ ಹೇಳ್ತಿದ್ದರು ಅಂದೆ, ನಾನು ನಂಬ್ತೀನಿ ಅಂದೆನಾ?

ಕರಿಕೋಟು
ವಕೀಲಿಕೆ ಮಾಡ್ತೀನಿ, ಸಿವಿಲ್. ಮೊದಲ ಪ್ರಶ್ನೆಗೆ ಯಾರೂ ಉತ್ತರ ಕೊಟ್ಟಿಲ್ಲವಲ್ಲ.

ಹೆಸರು ಬಿಡಬೇಡಿ. ವಂಶವೃಕ್ಷಕ್ಕೆ ಪ್ರಮಾಣ ಪತ್ರ ಕೊಡ್ತೀರಿ, ಅದರಲ್ಲಿ ಒಬ್ಬ ಮಗನನ್ನು ಮುಚ್ಚಿಟ್ಟರೆ ಅದು ಸುಳ್ಳು ಪ್ರಮಾಣ. ನಾಳೆ ದಾಯಾದಿಗಳಲ್ಲಿ ಯಾರಿಗಾದರೂ ಸಿಟ್ಟು ಬಂದರೆ ಅದೇ ಕಾಗದ ಹಿಡಿದು ಕೋರ್ಟಿಗೆ ಬರ್ತಾರೆ. ನಿಮ್ಮ ದೊಡ್ಡ ಮಾವ "ಯಾರು ಕೇಳ್ತಾರೆ" ಅಂದಿದ್ದಾರೆ. ನನ್ನ ಅರ್ಧ ಸಂಪಾದನೆ ಆ ಮಾತಿನಿಂದಲೇ.

ಏಳು ವರ್ಷ ಯಾರಿಗೂ ಸುದ್ದಿ ಇಲ್ಲದಿದ್ದರೆ, ಅಂದ್ರೆ ಬದುಕಿದ್ದರೆ ಯಾರಿಗೆ ಸಹಜವಾಗಿ ಸುದ್ದಿ ಬರಬೇಕಿತ್ತೋ ಅವರಿಗೇ ಬರದಿದ್ದರೆ, ಸತ್ತಿದ್ದಾರೆ ಅಂತ ಕೋರ್ಟ್ ಭಾವಿಸಬಹುದು. ಹಳೆ ಸಾಕ್ಷ್ಯ ಕಾಯ್ದೆಯ 108ನೇ ಕಲಂ. 2024ರ ಜುಲೈನಿಂದ ಹೊಸ ಕಾಯ್ದೆ ಬಂದರೂ ನಿಯಮ ಅದೇ. ಆದರೆ ಏಳು ವರ್ಷ ಆಯ್ತು ಅಂತ ತಾನಾಗೇ ಮರಣ ಪತ್ರ ಸಿಗಲ್ಲ. ಸತ್ತಿದ್ದಾರೆ ಅಂತ ಘೋಷಿಸಿ ಅಂತ ಸಿವಿಲ್ ಕೋರ್ಟಿನಲ್ಲಿ ದಾವೆ ಹಾಕಬೇಕು, ಡಿಕ್ರಿ, ಅಂದ್ರೆ ಕೋರ್ಟಿನ ತೀರ್ಪಿನ ಆದೇಶ ತಗೊಂಡು ಜನನ ಮರಣ ನೋಂದಣಿಗೆ ಹೋಗಬೇಕು.

ಇನ್ನೊಂದು ಸೂಕ್ಷ್ಮ ಇದೆ. ಸತ್ತಿದ್ದಾನೆ ಅಂತ ಭಾವಿಸಬಹುದು, ಯಾವತ್ತು ಸತ್ತ ಅಂತ ಭಾವಿಸೋಕಾಗಲ್ಲ. 2004ರಲ್ಲಿ ಸುಪ್ರೀಂ ಕೋರ್ಟ್ ಒಂದು ಎಲ್‌ಐಸಿ ಕೇಸಿನಲ್ಲಿ ಇದನ್ನೇ ಹೇಳಿದೆ. ಅಜ್ಜನಿಗಿಂತ ಮೊದಲಾ, ಆಮೇಲಾ ಅನ್ನೋದು ಪಾಲಿನ ಲೆಕ್ಕ ಬದಲಿಸುತ್ತೆ. ಹೊಲ ಅಜ್ಜನ ಸ್ವಂತ ಗಳಿಕೆ ಆಗಿದ್ದರೆ ನಿಮಗೆ ದೊಡ್ಡ ತಲೆನೋವಲ್ಲ. ಮದುವೆಯಾಗದೆ ಸತ್ತ ಮಗನ ಪಾಲು ಹಿಂದೂ ಉತ್ತರಾಧಿಕಾರ ಕಾಯ್ದೆ ಪ್ರಕಾರ ತಾಯಿಗೇ ಹೋಗುತ್ತೆ. ಪಿತ್ರಾರ್ಜಿತ ಆದರೆ ಬೇರೆ ಲೆಕ್ಕ, ಕಾಗದ ನೋಡದೆ ಹೇಳಲ್ಲ.

ಕೊಪ್ಪಳದ_ಮೊಮ್ಮಗಳು
ಸ್ವಂತದ್ದೇ, ಅಜ್ಜ ಕೊಂಡಿದ್ದು. ಆದರೆ ದಾವೆ ಹಾಕಬೇಕಾದ್ರೆ ಅಜ್ಜಿ ಕೋರ್ಟಿಗೆ ಬಂದು "ನನ್ನ ಮಗ ಸತ್ತಿದ್ದಾನೆ" ಅನ್ನಬೇಕಾ? ಅದು ಆಗದ ಮಾತು.

ಕರಿಕೋಟು
ಹಾಗೆ ಹೇಳಬೇಕಿಲ್ಲ. "ಇಂಥ ದಿನದಿಂದ ಮಗನ ಸುದ್ದಿ ಇಲ್ಲ" ಅಂದರೆ ಸಾಕು, ಅದು ನಿಜವೇ ತಾನೇ. ಉಳಿದದ್ದು ಕೋರ್ಟ್ ಹೇಳುತ್ತೆ. ದಾವೆ ನಿಮ್ಮ ದೊಡ್ಡ ಮಾವನೂ ಹಾಕಬಹುದು. ಸದ್ಯಕ್ಕೆ ಹೊಲ ಮಾರೋದಿಲ್ಲ ಅಂದ್ರೆ ಆತುರವೇನು? ಅಜ್ಜಿ ಇರೋವರೆಗೆ ಆ ದಾವೆ ಬೇಡ ಅನ್ನೋದು ನನ್ನ ವೈಯಕ್ತಿಕ ಅಭಿಪ್ರಾಯ. ವಂಶವೃಕ್ಷದಲ್ಲಿ ಹೆಸರು ಬರೆಸಿ, ಮುಂದೆ "ಕಾಣೆಯಾಗಿದ್ದಾರೆ" ಅಂತ ಸೇರಿಸಿ, ಹಿಂಬರಹದ ನಕಲು ಲಗತ್ತಿಸಿ ಅರ್ಜಿ ಕೊಡಿ. ತಿರಸ್ಕರಿಸಿದರೆ ಲಿಖಿತವಾಗಿ ಕೊಡಿ ಅಂತ ಕೇಳಿ.

ಕಿನ್ನಾಳ_ಬೊಂಬೆ
ಲಿಖಿತವಾಗಿ ಕೊಡಿ ಅಂದ್ರೆ ಅರ್ಧ ಕೆಲಸ ಅಲ್ಲೇ ಆಗುತ್ತೆ 😄

ತುಂಗೆ_ದಂಡೆ
ಇನ್ನರ್ಧಕ್ಕೆ ಆರು ತಿಂಗಳು.

ರಾಯಚೂರು_ಬಿಸಿಲು
ಎರಡನೇ ಪ್ರಶ್ನೆಗೆ ಬರ್ತೀನಿ. ಕಡತ ಹುಡುಕೋದಾದ್ರೆ ಒಂದು ನೆನಪಿಡಿ: ಕೊಪ್ಪಳ ಜಿಲ್ಲೆ ಆಗಿದ್ದು 1997ರಲ್ಲಿ. ಎಂಬತ್ತರ ದಶಕದಲ್ಲಿ ಅದು ರಾಯಚೂರು ಜಿಲ್ಲೆಯ ತಾಲ್ಲೂಕು. ಜಿಲ್ಲಾ ಮಟ್ಟದ ಹಳೇ ಪೊಲೀಸ್ ದಾಖಲೆ ಕೊಪ್ಪಳಕ್ಕೆ ಬಂದಿದೆಯೋ ರಾಯಚೂರಿನಲ್ಲೇ ಕೂತಿದೆಯೋ ವಿಚಾರಿಸಬೇಕು. ಇವರು ಅಲ್ಲಿಗೆ ಹೋಗಿ ಅಂತಾರೆ, ಅವರು ಇಲ್ಲಿಗೆ ಹೋಗಿ ಅಂತಾರೆ. ಅದಕ್ಕೇ ಆರ್‌ಟಿಐ, ಅಂದ್ರೆ ಮಾಹಿತಿ ಹಕ್ಕಿನ ಅರ್ಜಿ ಹಾಕಿ. ಹತ್ತು ರೂಪಾಯಿ, ಮೂವತ್ತು ದಿನ. ಮಾಹಿತಿ ಬೇರೆ ಕಚೇರಿಯಲ್ಲಿದ್ದರೆ ಐದು ದಿನದೊಳಗೆ ಅವರೇ ಅಲ್ಲಿಗೆ ಕಳಿಸಬೇಕು, 6(3)ನೇ ಕಲಂ. ಇಪ್ಪತ್ತು ವರ್ಷಕ್ಕಿಂತ ಹಳೆಯ ಘಟನೆ ಅಂದ್ರೆ ಕೊಡಲ್ಲ ಅನ್ನೋಕೆ ನೆಪವೂ ಕಡಿಮೆ, 8(3) ನೋಡಿ.

ಕತ್ತಲೆ_ಕೋಣೆ
ಕಡತ ನಾಶ ಮಾಡಿದ್ದೀವಿ ಅಂದುಬಿಡ್ತಾರೆ.

ರಾಯಚೂರು_ಬಿಸಿಲು
ಅದನ್ನೂ ಬರೆದು ಕೊಡಲಿ. "ಎಫ್‌ಐಆರ್ ಆಗಿತ್ತಾ, ಆಗಿದ್ದರೆ ಸಿ ರಿಪೋರ್ಟ್ ಹಾಕಿದ್ದಾರಾ, ಯಾವತ್ತು" ಅಂತ ಬಿಡಿಸಿ ಕೇಳಿ. ಗೊತ್ತಿಲ್ಲದವರಿಗೆ: ಬಿ ರಿಪೋರ್ಟ್ ಅಂದ್ರೆ ಕೇಸೇ ಸುಳ್ಳು, ಸಿ ರಿಪೋರ್ಟ್ ಅಂದ್ರೆ ಪತ್ತೆಯಾಗಲಿಲ್ಲ. ಸಿ ರಿಪೋರ್ಟ್ ಆದರೂ ಹೊಸ ಸುಳಿವು ಸಿಕ್ಕರೆ ತನಿಖೆ ಮತ್ತೆ ಶುರು ಮಾಡಬಹುದು.

ಕರಿಕೋಟು
ಎಫ್‌ಐಆರ್ ಆಗಿಲ್ಲದಿದ್ದರೆ ಈಗಲೂ ಕೊಡಿ. ಅಪಹರಣಕ್ಕೆ ಏಳು ವರ್ಷದವರೆಗೆ ಶಿಕ್ಷೆ ಇದೆ. ಮೂರು ವರ್ಷಕ್ಕಿಂತ ಹೆಚ್ಚು ಶಿಕ್ಷೆಯ ಅಪರಾಧಕ್ಕೆ ಕಾಲಮಿತಿ ಇಲ್ಲ. 2013ರ ಮೇ ತಿಂಗಳಲ್ಲಿ ಮಕ್ಕಳ ಹಕ್ಕಿನ ಸಂಸ್ಥೆ ಬಚ್ಪನ್ ಬಚಾವೋ ಆಂದೋಲನದ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ: ಮಗು ಕಾಣೆಯಾದ ಪ್ರತಿ ದೂರಿಗೂ ಎಫ್‌ಐಆರ್ ಆಗಬೇಕು, ಅಪಹರಣ ಅಥವಾ ಸಾಗಣೆ ಅಂತಲೇ ಇಟ್ಟುಕೊಂಡು ತನಿಖೆ ಆಗಬೇಕು. ಅದಕ್ಕೂ ಮೊದಲು ರಿಜಿಸ್ಟರ್‌ನಲ್ಲಿ ಒಂದು ಸಾಲು ಬರೆದು ಹಿಂಬರಹ ಕೊಟ್ಟು ಕಳಿಸೋದು ಎಷ್ಟೋ ಕಡೆ ಮಾಮೂಲಿ.

ತುಂಗೆ_ದಂಡೆ
ಈಗ ಎಫ್‌ಐಆರ್ ಹಾಕಿ ಯಾರನ್ನು ಹಿಡೀತಾರೆ ಸಾರ್? ಬಳೆಗಾರನನ್ನಾ? ಅವನು ಬದುಕಿದ್ದಾನಾ? ಕೊನೆಗೆ ಠಾಣೆಗೆ ಕರೆಸಿ ಪ್ರಶ್ನೆ ಕೇಳೋದು ಯಾರನ್ನ ಗೊತ್ತಾ, ದೊಡ್ಡವ್ವನನ್ನ. "ಕೈ ಯಾಕೆ ಬಿಟ್ಟಿರಿ" ಅಂತ. ಅದನ್ನು ಯೋಚನೆ ಮಾಡಿದ್ದೀರಾ?

ಮಿರ್ಚಿ_ಮಂಡಕ್ಕಿ
ಇದು ಮಾತ್ರ ನಿಜ.

ಗುಂತಕಲ್_ಪ್ಯಾಸೆಂಜರ್
ದಂಡೆಯವರು ಮೊದಲ ಸಲ ನ್ಯಾಯವಾದ ಮಾತಾಡಿದರು.

ಕೊಪ್ಪಳದ_ಮೊಮ್ಮಗಳು
ನಿಜ ಹೇಳ್ಬೇಕಂದ್ರೆ ಇದು ನನ್ನ ತಲೆಗೆ ಹೊಳೆದಿರಲಿಲ್ಲ. ಎಫ್‌ಐಆರ್ ಮಾತು ಸದ್ಯಕ್ಕೆ ಬೇಡ. ಆರ್‌ಟಿಐ ಹಾಕ್ತೀನಿ, ಅದಕ್ಕೆ ದೊಡ್ಡವ್ವನನ್ನು ಯಾರೂ ಕರೆಯಲ್ಲ.

ಬಳ್ಳಾರಿ_ಲ್ಯಾಬ್
ತಡವಾಗಿ ಬಂದೆ. ಡಿಎನ್‌ಎ ಬಗ್ಗೆ ಯಾರೂ ಹೇಳಿಲ್ಲ. ತಾಯಿ ಜೀವಂತ ಇರೋದು ದೊಡ್ಡ ವಿಷಯ, ತಾಯಿ ಮಗ ಹೋಲಿಕೆ ನೇರವಾಗಿ ಆಗುತ್ತೆ. ಅಜ್ಜಿ ಒಪ್ಪಿದರೆ ಸ್ಯಾಂಪಲ್ ಕೊಟ್ಟು ಪ್ರೊಫೈಲ್ ಮಾಡಿಸಿ ಇಟ್ಟುಕೊಳ್ಳಿ. ಒಪ್ಪದಿದ್ದರೂ ಬಾಗಿಲು ಮುಚ್ಚಲ್ಲ. ಮೈಟೋಕಾಂಡ್ರಿಯಾ ಡಿಎನ್‌ಎ ತಾಯಿಯಿಂದ ಎಲ್ಲ ಮಕ್ಕಳಿಗೂ ಬರುತ್ತೆ. ನಿಮ್ಮ ಅವ್ವ, ದೊಡ್ಡವ್ವ, ಕಳೆದುಹೋದ ಮಾವ, ಎಲ್ಲರಲ್ಲೂ ಇರೋದು ಅಜ್ಜಿಯದೇ. ನಿಮ್ಮಲ್ಲೂ ಅದೇ. ಮೈಟೋಕಾಂಡ್ರಿಯಾ ಒಂದರಿಂದಲೇ ಇವನೇ ಅಂತ ಖಚಿತ ಆಗಲ್ಲ, ಅಲ್ಲ ಅಂತ ಮಾತ್ರ ಹೇಳಿಬಿಡಬಹುದು.

ತೊಂದರೆ ಏನಂದ್ರೆ ಹೋಲಿಸಿ ನೋಡೋಕೆ ನಮ್ಮಲ್ಲಿ ದೇಶದ ಡೇಟಾಬೇಸ್ ಇಲ್ಲ. ಡಿಎನ್‌ಎ ಮಸೂದೆ 2019ರಲ್ಲಿ ಲೋಕಸಭೆಗೆ ಬಂತು, 2023ರಲ್ಲಿ ವಾಪಸ್ ತಗೊಂಡರು. ಚೀನಾದಲ್ಲಿ ಒಬ್ಬ ತಂದೆ, ಗುವೋ ಗಾಂಗ್‌ಟಾಂಗ್, 1997ರಲ್ಲಿ ಕಳೆದ ಮಗನಿಗಾಗಿ ಬೈಕಿಗೆ ಫೋಟೋ ಬಾವುಟ ಕಟ್ಟಿಕೊಂಡು ದೇಶ ಸುತ್ತಿದ. 2021ರಲ್ಲಿ ಮಗ ಸಿಕ್ಕಿದ, ಖಚಿತ ಆಗಿದ್ದು ಡಿಎನ್‌ಎಯಿಂದ.

ಕಿನ್ನಾಳ_ಬೊಂಬೆ
ಒಂದು ಎಚ್ಚರಿಕೆ ಅಕ್ಕಾ. ಕಾಲಿನ ಕಲೆ ವಿಷಯ ಇಲ್ಲಿ ಬರೆದುಬಿಟ್ಟಿದ್ದೀರಿ. ಅದನ್ನು ಮೊದಲು ತೆಗೆಯಿರಿ. 2024ರಲ್ಲಿ ಉತ್ತರಪ್ರದೇಶದ ಅಮೇಠಿಯಲ್ಲಿ ಒಬ್ಬ ಜೋಗಿ ಸಾರಂಗಿ ಬಾರಿಸುತ್ತಾ ಬಂದು "ನಾನೇ ನಿಮ್ಮ ಕಳೆದುಹೋದ ಮಗ" ಅಂದ. ಇಡೀ ಊರು ಅತ್ತಿತು, ಎಲ್ಲ ಟಿವಿಯಲ್ಲೂ ಬಂತು. ಆಮೇಲೆ ಮಠ ಬಿಡಿಸಿಕೊಳ್ಳೋಕೆ ಲಕ್ಷಗಟ್ಟಲೆ ದುಡ್ಡು ಕೇಳಿದ. ವಿಚಾರಿಸಿದರೆ ಅವನು ಬೇರೆ ಯಾರೋ. ಮನೆಯವರಿಗಷ್ಟೇ ಗೊತ್ತಿರೋ ಒಂದು ಗುರುತನ್ನು ಯಾರಿಗೂ ಹೇಳದೆ ಇಟ್ಟುಕೊಳ್ಳಬೇಕು.

ಮಿರ್ಚಿ_ಮಂಡಕ್ಕಿ
ಅದಕ್ಕೇ ನಾನು ಗವಿಮಠದ ಜಾತ್ರೆಗೆ ಹೋದಾಗ ಮಗಳ ಕೈಗೆ ಫೋನ್ ನಂಬರ್ ಬರೆದೇ ಬಿಡೋದು. ತೇರು ಎಳೆಯೋವಾಗ ನಾನೇ ಕಳೆದುಹೋಗ್ತೀನಿ.

ಕೌಲ್‌ಬಜಾರ್_ಹುಡುಗ
ನಿಮ್ಮ ಹೆಸರಿಗೆ ತಕ್ಕಂತೆ ದಾಸೋಹದಲ್ಲಿ ಮಿರ್ಚಿ ಸಾಲಿನಲ್ಲಿ ಸಿಗ್ತೀರಿ ಬಿಡಿ.

ಕೊಪ್ಪಳದ_ಮೊಮ್ಮಗಳು
ಬೊಂಬೆ ಅವರೇ, ಬೇರೆ ಎರಡು ಗುರುತು ಇವೆ, ಅವನ್ನು ಬರೆದಿಲ್ಲ. ಕಲೆ ಇರಲಿ ಬಿಡಿ. ಸರೂ ಥರ ಎಲ್ಲೋ ಕೂತು ಹುಡುಕೋವನಿಗೆ ಏನಾದರೂ ಒಂದು ಸಿಗಬೇಕಲ್ಲ.

ಇವತ್ತು ಅಜ್ಜಿ ಜೊತೆ ಕೂತು ಮಾತಾಡಿದೆ. ವಂಶವೃಕ್ಷದಲ್ಲಿ ಹೆಸರು ಇರುತ್ತೆ, ಮುಂದೆ "ಕಾಣೆ" ಅಂತ ಇರುತ್ತೆ, ಮೃತ ಅಂತ ಇರಲ್ಲ ಅಂದೆ. "ವಯಸ್ಸು ಎಷ್ಟಂತ ಬರಿತೀರಿ, ನಾಕೋ ಈಗಿಂದೋ" ಅಂತ ಕೇಳಿದಳು. ಕರಿಕೋಟು ಸರ್, ಇದಕ್ಕೇನು ಹೇಳಲಿ?

ಕರಿಕೋಟು
ಈಗಿನದೇ ಬರೆಸಿ. ಜೀವಂತ ಇರೋ ವಾರಸುದಾರರಿಗೆ ಬರೆಯೋ ಹಾಗೇ ನಡೆಯೋ ವಯಸ್ಸು. ಅರ್ಜಿ ಕೊಡೋ ಮುಂಚೆ ಹಿಂಬರಹಕ್ಕೆ ಲ್ಯಾಮಿನೇಷನ್ ಮಾಡಿಸೋಕೆ ಹೋಗಬೇಡಿ, ಮೂಲ ಪ್ರತಿ ನೋಡಬೇಕು ಅಂತಾರೆ. ಪ್ಲಾಸ್ಟಿಕ್ ಕವರ್‌ನಲ್ಲಿಟ್ಟು ಕಲರ್ ಜೆರಾಕ್ಸ್ ತೆಗೆಸಿ.

ಗುಂತಕಲ್_ಪ್ಯಾಸೆಂಜರ್
ರೈಲ್ವೆ ಪೊಲೀಸರಿಗೆ ಪ್ರತ್ಯೇಕ ಆರ್‌ಟಿಐ ಹಾಕಿ ತಾಯಿ, ಅದರಲ್ಲಿ ಸೇರಿಸಬೇಡಿ. ಗುಂತಕಲ್ ಕಡೆಯದು ಆಂಧ್ರ ಪೊಲೀಸರದು. ನಮ್ಮ ಕಚೇರಿಗೆ ಹಾಕಿದರೆ ಬರಲ್ಲ, ಇಂಗ್ಲಿಷ್‌ನಲ್ಲೋ ತೆಲುಗಿನಲ್ಲೋ ಬರೆಯಬೇಕು. ತೆಲುಗಿನಲ್ಲಿ ಬೇಕಾದರೆ ನಾನು ಬರೆದುಕೊಡ್ತೀನಿ. ಮಗು ಸಿಕ್ಕ ದಿನ, ಸ್ಟೇಷನ್, ಯಾವ ಬಾಲಮಂದಿರಕ್ಕೆ ಒಪ್ಪಿಸಿದರು, ಇಷ್ಟು ಕೇಳಿದರೆ ಸಾಕು. ಯಾವ ಹುಣ್ಣಿಮೆ ಅಂತ ಅವ್ವನನ್ನು ಕೇಳಿ ತಿಂಗಳು ಗಟ್ಟಿ ಮಾಡಿಕೊಳ್ಳಿ, ಅದಿಲ್ಲದೆ ಯಾವ ರಿಜಿಸ್ಟರೂ ತೆಗೆಯಲ್ಲ.